ಚಹಾಕ್ಕಾಗುವಷ್ಟು ಹಾಲು

ಭಾಲ್ಕಿಯಿಂದ ಬೀದರಿಗೆ ಹೋಗುವ ರಸ್ತೆಯ ಮಗ್ಗುಲಿಗಿದ್ದ ಮಾಳವಾಡಿಯಲ್ಲಿ ಎಮ್ಮೆಗಳಿಗೇನೂ ಕೊರತೆ ಇರಲಿಲ್ಲ. ಸಂಜೆ ದನ ಮರಳುವ ಹೊತ್ತಿಗೆ ಬೀದಿಯಲ್ಲಿದ್ದ ಮನುಷ್ಯರು ಗೋಡೆಗೆ ಆತುಕೊಂಡು ದಾರಿ ಬಿಡಬೇಕಾಗುತ್ತಿತ್ತು. ಆದರೆ ಆ ಊರಲ್ಲಿ ಯಾರನ್ನೇ ನಿಲ್ಲಿಸಿ, ನಿಮ್ಮ ಎಮ್ಮೆ ಎಷ್ಟು ಹಾಲು ಕೊಡುತ್ತದೆ ಎಂದು ಕೇಳಿದರೂ ಉತ್ತರ ಒಂದೇ: ಚಹಾಕ್ಕಾಗುತ್ತದೆ. ಎರಡು ಸೇರು ಕೊಡುವ ಎಮ್ಮೆಯೂ ಚಹಾಕ್ಕಾಗುವಷ್ಟೇ ಕೊಡುತ್ತಿತ್ತು, ಐದು ಸೇರು ಕೊಡುವುದೂ ಅಷ್ಟೇ ಕೊಡುತ್ತಿತ್ತು. ಅವರ ಮಾತು ನಂಬುವುದಾದರೆ ಆ ಊರಿನ ಜನ ಬೆಳಗಿನಿಂದ ಸಂಜೆಯವರೆಗೆ ಚಹಾ ಕುಡಿಯುವುದು ಬಿಟ್ಟು ಬೇರೆ ಕೆಲಸವನ್ನೇ ಮಾಡುತ್ತಿರಲಿಲ್ಲ.

ಇದನ್ನು ಸುಳ್ಳೆಂದು ಅಲ್ಲಿ ಯಾರೂ ಭಾವಿಸಿರಲಿಲ್ಲ. ಹಾಲಿನ ಅಳತೆಯನ್ನು ಬಾಯಿಬಿಟ್ಟು ಹೇಳಿದರೆ ಎಮ್ಮೆಗೆ ದೃಷ್ಟಿ ತಾಗುತ್ತದೆ, ಕೆಚ್ಚಲು ಬತ್ತುತ್ತದೆ. ಅದಕ್ಕೇ ಕರೆದ ಹಾಲನ್ನು ಸೆರಗಿನಡಿ ಮುಚ್ಚಿಕೊಂಡು ಒಳಗೆ ಒಯ್ಯಬೇಕು. ನೆರೆಮನೆಗೆ ಒಂದು ಬಟ್ಟಲು ಹಾಲು ಕೊಟ್ಟರೂ ಅದರಲ್ಲೊಂದು ಇದ್ದಲಿ ಚೂರು ಹಾಕಿಯೇ ಕೊಡಬೇಕು. ಈ ವಿಷಯದಲ್ಲಿ ಹಿಂದೂಗಳ ಮನೆ, ಮುಸಲ್ಮಾನರ ಮನೆ ಎಂಬ ಭೇದವಿರಲಿಲ್ಲ. ಅದರ ಮೇಲೆ ನಿಜಾಮರ ಕಾಲದಲ್ಲಿ ಲೆವಿ ಎಂದು ಹೇಳಿ ಮನೆಮನೆಯ ಜೋಳ ಅಳೆದುಕೊಂಡು ಹೋದ ನೆನಪು ಬೇರೆ. ಸರಕಾರದವರು ಕೇಳಿದಾಗ ಇದ್ದದ್ದನ್ನು ಇದ್ದ ಹಾಗೇ ಹೇಳುವವನಿಗೆ ತಲೆ ಕೆಟ್ಟಿದೆ ಎಂದೇ ಊರವರ ತೀರ್ಮಾನವಾಗಿತ್ತು.

ನಂಬದವರಿಗೆ ಹೀರಾಬಾಯಿಯ ಉದಾಹರಣೆ ಇತ್ತು. ಆಕೆ ಔರಾದಿನಿಂದ ಮಾಳವಾಡಿಗೆ ಸೊಸೆಯಾಗಿ ಬಂದ ಹೊಸದರಲ್ಲಿ ತವರಿನವರು ಕೊಟ್ಟ ಎಮ್ಮೆಯೊಂದು ಹಿಂದೆಯೇ ಬಂದಿತ್ತು. ಹೊಸ ಹುಡುಗಿ, ತವರಿನ ಜಂಬ. ಬಾವಿಕಟ್ಟೆಯ ಮೇಲೆ ನಾಲ್ಕು ಮಂದಿಯ ಮುಂದೆ, ನಮ್ಮಪ್ಪ ಕೊಟ್ಟ ಎಮ್ಮಿ ಆರು ಸೇರು ಕೊಡ್ತದ ಅಂದುಬಿಟ್ಟಳು. ವಾರ ಕಳೆಯುವುದರೊಳಗೆ ಎಮ್ಮೆಯ ಕೆಚ್ಚಲು ಬಾತು ಕಲ್ಲಾಯಿತು, ಹುಣ್ಣಿಮೆ ಬರುವಷ್ಟರಲ್ಲಿ ಎಮ್ಮೆಯೇ ಹೋಯಿತು. ಆ ಮೇಲೆ ಹೀರಾಬಾಯಿ ಮುದುಕಿಯಾಗುತ್ತ ಬಂದರೂ ಹಾಲಿನ ಅಳತೆಯನ್ನು ಗಂಡ ಹಣಮಂತಪ್ಪನಿಗೆ ಕೂಡ ಹೇಳಿದವಳಲ್ಲ. ಹಾಲು ಕರೆಯುವಾಗ ಪಾತ್ರೆಯೊಳಗೆ ತಾನೇ ಇಣುಕಿ ನೋಡುತ್ತಿರಲಿಲ್ಲ ಎಂದು ಜನ ಆಡಿಕೊಳ್ಳುತ್ತಿದ್ದರು.

ಇಂಥ ಊರಿಗೆ, ನಿಜಾಮರ ರಾಜ್ಯ ಮುಗಿಸಿದ ಪೊಲೀಸ್ ಆ್ಯಕ್ಷನ್ ಆಗಿ ನಾಲ್ಕು ವರ್ಷ ಕಳೆದ ಮೇಲೆ, ಹಾಲಿನ ಲೆಕ್ಕ ಬರೆದುಕೊಳ್ಳಲು ಒಬ್ಬ ಸಾಹೇಬ ಬರುತ್ತಾನೆಂದು ಸುದ್ದಿಯಾಯಿತು. ಭಾಲ್ಕಿಯಿಂದ ಬೀದರ ಶಹರಕ್ಕೆ ದಿನಾ ಮುಂಜಾನೆ ಹಾಲಿನ ಮೋಟಾರು ಓಡಿಸುವುದೆಂದು ಸರಕಾರ ಹೊರಟಿದೆಯಂತೆ. ದಿನಕ್ಕೊಂದು ಮಣ, ಅಂದರೆ ನಲವತ್ತು ಸೇರು ಹಾಲು ಇದೆಯೆಂದು ಬರೆಸಿದ ಊರಿನಲ್ಲಿ ಮೋಟಾರು ನಿಲ್ಲುತ್ತದಂತೆ, ಇಲ್ಲದ ಊರನ್ನು ದಾಟಿ ಹೋಗುತ್ತದಂತೆ. ಈ ಸುದ್ದಿ ಕೇಳಿ ಎಲ್ಲರಿಗಿಂತ ಹೆಚ್ಚು ಜೀವ ಬಂದದ್ದು ಮರಿಯಮಬೀಗೆ.

ಮರಿಯಮಬೀಯ ಮನೆ ಊರ ಮುಂದೆಯೇ, ರಸ್ತೆಗೆ ಅಂಟಿಕೊಂಡೇ ಇತ್ತು. ಗಂಡ ಕರೀಮ ಸಾಬ ಹತ್ತಿ ಹಿಂಜುವವನು. ಆ ಸುತ್ತಿನ ಹಾಸಿಗೆ, ತಲೆದಿಂಬುಗಳೆಲ್ಲ ಅವನ ಕೈಯಲ್ಲೇ ಮೆತ್ತಗಾಗಿದ್ದವು. ನಿಜಾಮರ ರಾಜ್ಯ ಮುಗಿದ ಆ ಸೆಪ್ಟೆಂಬರಿನಲ್ಲಿ, ಇನ್ನು ಗದ್ದಲ ನಿಂತಿತು ಎಂದು ಯಾರೋ ಹೇಳಿದ್ದನ್ನು ನಂಬಿ ಹಿಂಜುವ ಬಿಲ್ಲು ಹೆಗಲಿಗೆ ಹಾಕಿಕೊಂಡು ಭಾಲ್ಕಿಯ ಕಡೆ ಹೋದವನು ತಿರುಗಿ ಬರಲಿಲ್ಲ. ಅವನನ್ನು ಮಣ್ಣು ಮಾಡಿದವರು ಯಾರೆಂದು ಕೂಡ ಅವಳಿಗೆ ಗೊತ್ತಾಗಲಿಲ್ಲ. ಮಕ್ಕಳಿರಲಿಲ್ಲ. ಆ ದಿನ ಬೇರೆ ಊರುಗಳ ಜನ ಕೈಯಲ್ಲಿ ಬಡಿಗೆ ಹಿಡಿದು, ಮುಸಲ್ಮಾನರ ಮನೆ ಹುಡುಕುತ್ತ ಮಾಳವಾಡಿಯ ದಾರಿ ಹಿಡಿದಾಗ, ಹೀರಾಬಾಯಿ ಏನೊಂದೂ ಕೇಳದೆ, ಹೇಳದೆ ಬಂದು ಅವಳ ರಟ್ಟೆ ಹಿಡಿದು ತನ್ನ ಮನೆಯಲ್ಲಿ ಮೇವು ಒಟ್ಟುವ ಕಣಕಿ ಕೋಣೆಯಲ್ಲಿ ಕೂಡಿಸಿ ಚಿಲಕ ಹಾಕಿದಳು. ಬಂದವರು ಬಾಗಿಲಿಗೆ ನಿಂತು ಕೇಳಿದಾಗ ಹೊಸ್ತಿಲ ಮೇಲೆ ಕೂತು ಜೋಳ ಹಸನು ಮಾಡುತ್ತಿದ್ದವಳು ಕೈಯಲ್ಲಿನ ಮೊರ ಬಿಡಲಿಲ್ಲ, ಏಳಲೂ ಇಲ್ಲ; ಬಂದವರು ತಿರುಗಿ ಹೋದರು.

ಗದ್ದಲ ತುಸು ತಣ್ಣಗಾದ ಮೇಲೆ ಹಣಮಂತಪ್ಪ ಬಂಡಿಯಲ್ಲಿ ಜೋಳದ ಕಣಕಿ ಹೇರಿ, ಅದರ ನಡುವೆ ಮರಿಯಮಬೀಯನ್ನು ಕೂಡಿಸಿ, ಬೀದರಿನ ಚಿದ್ರಿಯಲ್ಲಿದ್ದ ಅವಳ ಅಕ್ಕ ಕುಲಸುಮಬೀಯ ಮನೆಗೆ ಮುಟ್ಟಿಸಿ ಬಂದ. ಆಕೆಯ ಗಬ್ಬದ ಎಮ್ಮೆ ಮಾಳವಾಡಿಯಲ್ಲೇ ಉಳಿಯಿತು. ಚಳಿಗಾಲ ಕಳೆದು ಮರಿಯಮಬೀ ತಿರುಗಿ ಬಂದಾಗ ಮನೆಯ ಬಾಗಿಲಿಗೆ ಕದವೇ ಇರಲಿಲ್ಲ, ಆದರೆ ಹೀರಾಬಾಯಿಯ ಕೊಟ್ಟಿಗೆಯಲ್ಲಿ ಎಮ್ಮೆ ಇತ್ತು, ಪಕ್ಕದಲ್ಲಿ ಹೆಣ್ಣು ಕರುವೂ ಇತ್ತು. ಇಷ್ಟು ದಿನ ಮೇವು ಹಾಕಿದವಳು ನೀನು, ಕರು ನೀನೇ ಇಟ್ಟುಕೋ ಎಂದು ಮರಿಯಮಬೀ ಅಂದಳು. ಹೀರಾಬಾಯಿ ಸಿಡುಕಿದಳು. ಇಷ್ಟು ದಿನ ಅದರ ಹಾಲು ಕುಡಿದವರು ನಾವು, ಕರುವನ್ನೂ ತಿನ್ನಬೇಕೇನು, ಎರಡನ್ನೂ ಬಿಚ್ಚಿಕೊಂಡು ನಡೆ ಅಂದಳು. ಇಂಥದಕ್ಕೆಲ್ಲ ಉಪಕಾರವಾಯಿತು ಎಂದು ಬಾಯಿಂದ ಹೇಳುವ ರೂಢಿ ಆ ಊರಲ್ಲಿಲ್ಲ. ಮರಿಯಮಬೀ ಹೇಳಲೂ ಇಲ್ಲ. ಆದರೆ ದಿನದ ಐದೂ ನಮಾಜಿನಲ್ಲಿ, ತನ್ನ ಗಂಡನ ಹೆಸರಿನ ಬೆನ್ನಿಗೇ ಹೀರಾಬಾಯಿಯ ಹೆಸರನ್ನೂ ತೆಗೆಯುತ್ತಿದ್ದಳು. ಕೇಳುವವನಿಗೆ ಅಷ್ಟು ಗೊತ್ತಾದರೆ ಸಾಕೆಂದು ಅವಳ ಎಣಿಕೆ.

ಈಗ ಆ ಕರುವೂ ಎಮ್ಮೆಯಾಗಿ ಕರೆಯುತ್ತಿತ್ತು. ಎರಡು ಎಮ್ಮೆ, ಒಬ್ಬಳೇ ಹೆಂಗಸು. ಹಾಲು ಬೇಕಾದಷ್ಟಿದ್ದರೂ ಕೊಳ್ಳುವವರಿರಲಿಲ್ಲ. ಮನೆಗೊಂದು ಎಮ್ಮೆ ಇರುವ ಊರಲ್ಲಿ ಯಾರು ಯಾರ ಹಾಲು ಕೊಳ್ಳಬೇಕು? ಅವಳು ಖೋವಾ ಕಾಸಿ ಬುಟ್ಟಿಯಲ್ಲಿಟ್ಟು ಭಾಲ್ಕಿಯ ಬಜಾರಿಗೆ ನಡೆದು ಹೋಗುತ್ತಿದ್ದಳು. ಕರೀಮ ಸಾಬ ಹೋದ ದಾರಿಯೇ ಅದು. ಹೋಗುವಾಗ ಒಮ್ಮೆ, ಬರುವಾಗ ಒಮ್ಮೆ ಎದೆ ಹಿಂಡುತ್ತಿತ್ತು. ಈಚೆಗೆ ಮಂಡಿಗಳೂ ಕೈ ಕೊಟ್ಟಿದ್ದವು. ಇದನ್ನೆಲ್ಲ ಕಂಡು ಅಕ್ಕನ ಗಂಡ ನಜಮೋದ್ದೀನ ಒಂದೇ ಹಟ ಹಿಡಿದಿದ್ದ. ಎಮ್ಮೆ ಮಾರಿ ಚಿದ್ರಿಗೆ ಬಂದುಬಿಡು, ನಮ್ಮ ಜೊತೆ ಉಣ್ಣು, ನಮ್ಮ ಜೊತೆ ಇರು ಎನ್ನುತ್ತಿದ್ದ. ಒಳ್ಳೆಯ ಮನುಷ್ಯ, ಒಳ್ಳೆಯ ಮಾತು. ನೌಬಾದಿನ ಗಿರಾಕಿಯೊಬ್ಬನನ್ನು ಕೂಡ ಗೊತ್ತು ಮಾಡಿದ್ದ. ಮರಿಯಮಬೀ ಬೇಡಿಕೊಂಡದ್ದು ಇಷ್ಟೇ: ಹಾಲಿನ ಮೋಟಾರಿನ ವಿಷಯ ಇತ್ಯರ್ಥವಾಗಲಿ. ಮೋಟಾರು ನಿಂತರೆ ಮನೆಯ ಮುಂದೆಯೇ ಹಾಲು ಹಾಕಿ ಇಲ್ಲೇ ಬಾಳುತ್ತೇನೆ. ನಿಲ್ಲದಿದ್ದರೆ ಎಮ್ಮೆ ಮಾರಿ ನಿಮ್ಮ ಜೊತೆ ಬರುತ್ತೇನೆ. ಆ ಮಾತಿಗೆ ಒಪ್ಪಿ ನಜಮೋದ್ದೀನ, ಲೆಕ್ಕದ ದಿನವೇ ಗಿರಾಕಿಯನ್ನು ಕರೆದುಕೊಂಡು ಮಾಳವಾಡಿಗೆ ಬಂದು ಆಕೆಯ ಕಟ್ಟೆಯ ಮೇಲೆ ಕೂತಿದ್ದ.

ಲೆಕ್ಕದ ಸಾಹೇಬನ ಹೆಸರು ದತ್ತಾತ್ರಿ. ಬೀದರಿನವನು, ಸಮಾಧಾನಿ, ಬಿಸಿಲಿಗೆ ಕೆಂಪಾದ ಮುಖ. ಊರ ಮುಂದಿನ ಮೊದಲ ಮನೆ ಮರಿಯಮಬೀಯದೇ ಆದ್ದರಿಂದ ಅಲ್ಲಿಂದಲೇ ಸುರುಮಾಡಿದ. ಎಷ್ಟು ಎಮ್ಮೆ, ಎಷ್ಟು ಹಾಲು, ಪೊಲೀಸ್ ಆ್ಯಕ್ಷನ್ನಿನ ಮೊದಲಿಗಿಂತ ಈಗ ಹೆಚ್ಚೋ ಕಡಿಮೆಯೋ ಎಂದು ಕೇಳಿದ. ಇಡೀ ದೇಶದ ಹಾಲು ಏರುತ್ತಿದೆಯೋ ಇಳಿಯುತ್ತಿದೆಯೋ ಸರಕಾರಕ್ಕೆ ತಿಳಿಯಬೇಕಾಗಿದೆ ಎಂದೂ ವಿವರಿಸಿದ.

ಈ ಪ್ರಶ್ನೆಗೆ ಮರಿಯಮಬೀ ಎರಡು ದಿನದಿಂದ ಉತ್ತರ ಹೊಂದಿಸಿಕೊಂಡಿದ್ದಳು. ಏಳು ಸೇರು. ದೃಷ್ಟಿ ತಾಗಿದರೂ ಚಿಂತೆಯಿಲ್ಲ, ನಿಜವನ್ನೇ ಹೇಳುವುದು ಎಂದು ಗಟ್ಟಿ ಮನಸ್ಸು ಮಾಡಿದ್ದಳು. ಆದರೆ ಸಾಹೇಬ ಕೇಳಿದ್ದೇ ತಡ, ಹುಟ್ಟಿದಾಗಿನಿಂದ ಆ ಪ್ರಶ್ನೆಗೆ ಒಂದೇ ಉತ್ತರ ಕೊಟ್ಟು ಪಳಗಿದ ನಾಲಿಗೆ ಅವಳನ್ನು ಕೇಳದೆಯೇ ಹೊರಳಿತು.

"ಅವಾಗೂ ಚಾಕ್ಕ ಆಗ್ತಿತ್ತು, ಈಗೂ ಚಾಕ್ಕ ಆಗ್ತದ್ರಿ ಸಾಹೇಬ್ರ."

ದತ್ತಾತ್ರಿ ಅರ್ಧ ಸೇರು ಎಂದು ಬರೆದುಕೊಂಡು ಮುಂದಿನ ಮನೆಗೆ ಹೋದ. ಮರಿಯಮಬೀ ಬಾಯಿಯ ಮೇಲೆ ಕೈಯಿಟ್ಟುಕೊಂಡು ನಿಂತಲ್ಲೇ ನಿಂತಳು. ಕರೆದು ತಿದ್ದಬೇಕೆಂದುಕೊಳ್ಳುವಷ್ಟರಲ್ಲಿ ಅವನು ಸಖುಬಾಯಿಯ ಬಾಗಿಲಲ್ಲಿದ್ದ. ಗೋಡೆಯಾಚೆಯಿಂದ ಎಲ್ಲ ಕೇಳಿಸಿಕೊಂಡಿದ್ದ ಸಖುಬಾಯಿ ಕೂಡ, ನಮ್ಮದೂ ಚಹಾಕ್ಕಷ್ಟೇ ಅಂದಳು. ಮೋಟಾರು ಬೇಕೆಂದು ಊರೆಲ್ಲ ಹೇಳಿಕೊಂಡು ತಿರುಗಿದ ಮರಿಯಮಬೀಯೇ ಅರ್ಧ ಸೇರು ಬರೆಸಿದ ಮೇಲೆ ಬೇರೆಯವರಿಗೇನು ತಲೆ ತಿರುಗಿದೆಯೇ? ಮೋಟಾರು ಬೇಡ ಎಂದವರು ಊರಲ್ಲಿ ಒಬ್ಬರೂ ಇರಲಿಲ್ಲ. ಆದರೆ ನಲವತ್ತು ಸೇರನ್ನು ಪಕ್ಕದ ಮನೆಯವರು ಬರೆಸಲಿ ಎಂದು ಪ್ರತಿಯೊಂದು ಮನೆಯವರೂ ಕಾದರು.

ಮಧ್ಯಾಹ್ನ ಇಳಿಯುವಾಗ ದತ್ತಾತ್ರಿ ಚಾವಡಿಯಲ್ಲಿ ಕೂತು ಲೆಕ್ಕ ಕೂಡಿಸಿದ. ಪಟೇಲ ಮನ್ಮಥಪ್ಪ ಮಗ್ಗುಲಲ್ಲಿದ್ದ. ಗಂಡಸರು ಕಟ್ಟೆಯ ಮೇಲೆ, ಹೆಂಗಸರು ಬೇವಿನ ನೆರಳಲ್ಲಿ ಸೇರಿದ್ದರು. ಇಪ್ಪತ್ತೆರಡು ಮನೆ, ಮೂವತ್ತು ಎಮ್ಮೆ, ಹನ್ನೊಂದು ಸೇರು ಹಾಲು ಎಂದು ಅವನು ಓದಿ ಹೇಳಿದ. ಆಮೇಲೆ ಕನ್ನಡಕ ತೆಗೆದು ಒರೆಸುತ್ತ, ಎಮ್ಮೆಗಳ ಕೆಚ್ಚಲು ನನಗೂ ಕಾಣುತ್ತದೆ, ಆದರೆ ಕಂಡದ್ದನ್ನು ಬರೆಯುವಂತಿಲ್ಲ, ನೀವು ಹೇಳಿದ್ದನ್ನೇ ಬರೆಯಬೇಕು ಅಂದ. ಹನ್ನೊಂದು ಸೇರಿಗೆ ಮೋಟಾರು ನಿಲ್ಲುವುದಿಲ್ಲ. ಬೇರೇನಾದರೂ ಹೇಳುವವರಿದ್ದರೆ ಈಗಲೇ ಹೇಳಿರಿ ಎಂದು ಸುತ್ತ ನೋಡಿದ. ಮನ್ಮಥಪ್ಪ ತನ್ನ ತಲೆಯ ಪಟಗದ ಅಂಚು ಸರಿಪಡಿಸಿಕೊಂಡ.

ಮರಿಯಮಬೀ ನೆರಳಿನಿಂದ ಮುಂದೆ ಬಂದಳು. ಮುಂಜಾನೆ ಸುಳ್ಳು ಹೇಳಿದೆ, ನನ್ನ ಎರಡು ಎಮ್ಮೆ ಸೇರಿ ಏಳು ಸೇರು ಕೊಡುತ್ತವೆ, ಹಾಗೇ ಬರೆದುಕೊಳ್ಳಿರಿ ಎಂದಳು. ಹೆಂಗಸರ ಗುಂಪಿನಲ್ಲಿ ಯಾರೋ ಥೂ ಥೂ ಎಂದು ದೃಷ್ಟಿ ತಾಗದಂತೆ ಉಗುಳಿದ್ದು ಕೇಳಿಸಿತು. ದತ್ತಾತ್ರಿ ತಿದ್ದಿದ. ಹದಿನೇಳೂವರೆ ಆಯಿತು.

ಇನ್ನು ಯಾರು ಹೇಳಬೇಕು? ಪಟೇಲರ ಮನೆ ಬಿಟ್ಟರೆ ಹೆಚ್ಚು ಎಮ್ಮೆ ಇದ್ದದ್ದು ಹೀರಾಬಾಯಿಯ ಮನೆಯಲ್ಲಿ, ಮೂರು; ಹಿರಿಯಳೂ ಅವಳೇ. ಅವಳು ಬಾಯಿ ಬಿಟ್ಟರೆ ಉಳಿದವರೂ ಬಿಟ್ಟಾರು. ಅದು ಗೊತ್ತಿದ್ದೇ ಮರಿಯಮಬೀ ಆ ಕಡೆ ಕತ್ತು ತಿರುಗಿಸಲಿಲ್ಲ. ಕಣ್ಣೆತ್ತಿ ನೋಡಿದರೂ ಅದು ಕೇಳಿದ ಹಾಗೆಯೇ. ಔರಾದಿನ ಎಮ್ಮೆ ಸತ್ತಾಗ ಹೀರಾಬಾಯಿ ಎಷ್ಟು ದಿನ ಅನ್ನ ಬಿಟ್ಟಿದ್ದಳೆಂದು ಮರಿಯಮಬೀಯೇ ಕಂಡವಳು. ಆ ಹೆಂಗಸಿನಿಂದ ಜೀವ ಪಡೆದೆ, ಎಮ್ಮೆ ಪಡೆದೆ, ಕರು ಪಡೆದೆ. ಇನ್ನು ಅವಳ ದನಗಳನ್ನೂ ಪಣಕ್ಕಿಡು ಎಂದು ಕೇಳುವ ಮುಖ ತನಗಿಲ್ಲ. ಅಲ್ಲಾಹನ ದಯೆಯಿಂದ ಚಿದ್ರಿಯಲ್ಲೊಂದು ಬಾಗಿಲಾದರೂ ತೆರೆದಿದೆ, ಎಷ್ಟೋ ಮಂದಿಗೆ ಅದೂ ಇಲ್ಲ. ಹೀಗೆ ಸಮಾಧಾನ ಹೇಳಿಕೊಳ್ಳುತ್ತ ಅವಳು ಮನೆಯ ಕಡೆ, ನಜಮೋದ್ದೀನನಿಗೆ ಹೂಂ ಅನ್ನಲು, ತಿರುಗಿದಳು.

"ನನ್ನದು ಹನ್ನೊಂದು ಸೇರು," ಎಂದಳು ಹೀರಾಬಾಯಿ.

ದನಿ ದೊಡ್ಡದೇನಾಗಿರಲಿಲ್ಲ, ಆದರೆ ಚಾವಡಿಯ ತುದಿಯವರೆಗೆ ಕೇಳಿಸಿತು. ಹಣಮಂತಪ್ಪ ಕಟ್ಟೆಯಿಂದ ಅರ್ಧ ಎದ್ದವನು ಹಾಗೇ ನಿಂತ. ಇಷ್ಟು ವರ್ಷದ ಸಂಸಾರದಲ್ಲಿ ಆ ಲೆಕ್ಕ ಅವನು ಕೇಳುತ್ತಿದ್ದದ್ದು ಅದೇ ಮೊದಲು. ಹೀರಾಬಾಯಿ ನಿಲ್ಲಿಸಲಿಲ್ಲ. ಮೊದಲನೆಯದು ಐದು ಸೇರು, ಕೊಂಬು ಮುರಿದದ್ದು ನಾಲ್ಕು, ಸಣ್ಣದು ಎರಡು ಎಂದು ಒಂದೊಂದನ್ನೂ ಬಿಡಿಸಿ ಹೇಳಿದಳು. ಪಟೇಲ ಮನ್ಮಥಪ್ಪನೇ ತಡೆದ. ಇದೇನು ಮಾಡುತ್ತಿದ್ದೀ ಹೀರಾಬಾಯಿ, ಒಮ್ಮೆ ಹೇಳಿ ಎಮ್ಮೆ ಕಳಕೊಂಡವಳು ನೀನು, ಮರೆತೆಯೇನು ಎಂದ.

"ಮರತಿಲ್ರಿ ಪಟೇಲ್ರ," ಅಂದಳು ಹೀರಾಬಾಯಿ. "ದೃಷ್ಟಿ ತಾಗೋದಿದ್ರ ತಾಗ್ಲಿ. ಎಮ್ಮಿ ಹೋದ್ರ ಔರಾದ ಸಂತಿಯಾಗ ಮತ್ತೊಂದು ಸಿಗ್ತದ್ರಿ. ಈ ಮರಿಯಮ ಹೋದ್ರ ನನಗ ಯಾವ ಸಂತಿಯಾಗ ಸಿಗ್ತಾಳ?"

ಮರಿಯಮಬೀಗೆ ಕಾಲಡಿಯ ನೆಲ ಮಂಜಾಯಿತು. ಅವಳು ಎರಡೂ ಕೈಯಿಂದ ಮುಖ ಮುಚ್ಚಿಕೊಂಡು ನಿಂತಲ್ಲೇ ಕುಸಿದು ಕೂತಳು. ಕರೀಮ ಸಾಬ ಹೋದ ಮೇಲೆ ಈ ಲೋಕದಲ್ಲಿ ತಾನಿದ್ದರೂ ಒಂದೇ, ಇಲ್ಲದಿದ್ದರೂ ಒಂದೇ ಎಂದು ಒಳಗೊಳಗೆ ತಿಳಿದಿದ್ದವಳು ಅವಳು. ಇಲ್ಲಿ ನಾಲ್ಕು ಮಂದಿಯ ಎದುರು ಒಬ್ಬಳು, ನೀನಿಲ್ಲದಿದ್ದರೆ ನನಗೆ ನಷ್ಟ ಎಂದು ಹೇಳಿದ್ದಳು.

ಮುಂದೆ ನಡೆದದ್ದು ಆ ಊರಲ್ಲಿ ಮಾತ್ರ ನಡೆಯಬಹುದಾದದ್ದು. ಹಿರಿಯಳು ಬಾಯಿ ಬಿಟ್ಟ ಮೇಲೆ ಸುಮ್ಮನಿರುವುದು ಎಲ್ಲರಿಗೂ ನಾಚಿಕೆ ಎನಿಸಿತು. ಆದರೆ ತಮ್ಮ ಎಮ್ಮೆಯ ಹಾಲನ್ನು ತಾವೇ ಹೇಳುವುದು ಯಾರ ಕೈಲಿ ಆದೀತು? ಸಖುಬಾಯಿ ಗಂಟಲು ಸರಿಮಾಡಿಕೊಂಡು, "ನಮ್ಮದು ಬಿಡ್ರಿ ಸಾಹೇಬ್ರ, ಲಲಿತಾಬಾಯಿ ಎಮ್ಮಿದು ಬರಕೋರಿ. ಐದು ಸೇರು ಕೊಡ್ತದ, ತಟಕೂ ಕಮ್ಮಿ ಇಲ್ಲ," ಅಂದಳು. ಲಲಿತಾಬಾಯಿ ಕೆಂಡವಾದಳು. ನನ್ನ ಎಮ್ಮೆಯ ಹಾಲು ನಿನಗೆ ಹ್ಯಾಂಗೆ ಗೊತ್ತು ಎಂದು ಕೇಳಿದಳು. ಗೋಡೆಯಾಚೆ ಹಾಲು ಪಾತ್ರೆಗೆ ಬೀಳುವ ಸದ್ದು ನನಗೆ ಕೇಳುವುದಿಲ್ಲವೇ ಎಂದಳು ಸಖುಬಾಯಿ. ಹಾಗಾದರೆ ಸಖುಬಾಯಿಯ ಎರಡೂ ಎಮ್ಮೆ ಸೇರಿ ಎಂಟು ಸೇರು, ನಾನೂ ಕಿವುಡಿಯಲ್ಲ ಎಂದು ಲಲಿತಾಬಾಯಿ ಬರೆಸಿದಳು. ಅಲ್ಲಿಂದ ಕಟ್ಟೆ ಒಡೆಯಿತು. ಎದುರು ಮನೆಯವರು ಎದುರು ಮನೆಯವರದನ್ನು, ಓರಗಿತ್ತಿ ಓರಗಿತ್ತಿಯದನ್ನು ಹೇಳತೊಡಗಿದರು. ಕೊನೆಗೆ ಹಣಮಂತಪ್ಪ ಕೂಡ, ಪಟೇಲರ ಮನೆಯ ನಾಲ್ಕು ಎಮ್ಮೆಗಳದ್ದು ಯಾಕೆ ಬಿಟ್ಟಿರಿ ಎಂದು ವಿನಯದಿಂದ ನೆನಪು ಮಾಡಿಕೊಟ್ಟ. ದತ್ತಾತ್ರಿಯ ಕೈ ಸೋತಿತು. ಒಂದು ಮಣ ಯಾವಾಗ ದಾಟಿತೋ ಅವನಿಗೇ ತಿಳಿಯಲಿಲ್ಲ, ನೋಡಿದಾಗ ಎರಡು ಮಣದ ಹತ್ತಿರ ಬಂದಿತ್ತು.

ಆ ವರ್ಷ ಹೈದರಾಬಾದಿನಲ್ಲಿ ಕೂತ ಯಾರಾದರೂ ದೊಡ್ಡ ಅಧಿಕಾರಿ, ನಮ್ಮ ಸಂಸ್ಥಾನದಲ್ಲಿ ಹಾಲು ಏರುತ್ತಿದೆ ಎಂದು ದಿಲ್ಲಿಗೆ ಬರೆದಿದ್ದರೆ, ಅದರಲ್ಲಿ ಒಂದು ಪಾಲು ಮಾಳವಾಡಿಯ ಹೆಂಗಸರ ಜಗಳದಿಂದ ಏರಿದ್ದು. ಎಮ್ಮೆಗಳು ಪಾಪ, ಯಾವತ್ತಿನಂತೆ ಅಷ್ಟೇ ಕೊಡುತ್ತಿದ್ದವು.

ಮುಂದಿನ ವಾರದಿಂದ ಮೋಟಾರು ನಿಲ್ಲುತ್ತದೆಂದು ದತ್ತಾತ್ರಿ ಹೇಳಿ ಹೋದ. ನಿಲ್ಲುವ ಜಾಗ ಮರಿಯಮಬೀಯ ಮನೆಯ ಮುಂದೆ. ನಜಮೋದ್ದೀನ ಎಲ್ಲ ಕೇಳಿ ಗಿರಾಕಿಯ ಮುಖ ನೋಡಿದ, ಗಿರಾಕಿ ಎಮ್ಮೆಗಳ ಮುಖ ನೋಡಿದ. ನಿನ್ನ ನಸೀಬು ಇಲ್ಲೇ ಇದ್ದರೆ ಇಲ್ಲೇ ಇರು, ಅಕ್ಕನನ್ನು ನೋಡಲು ಬರುತ್ತಿರು ಎಂದು ಹೇಳಿ ಅವನು ಎದ್ದ. ಮೋಟಾರು ಬೀದರಿಗೇ ಹೋಗುತ್ತದಲ್ಲ, ಹಾಲಿನ ಜೊತೆ ನಾನೂ ಬರುತ್ತೇನೆ ಎಂದು ಮರಿಯಮಬೀ ನಕ್ಕಳು. ಅವಳು ನಕ್ಕದ್ದನ್ನು ಅವನು ನಾಲ್ಕು ವರ್ಷದಲ್ಲಿ ಕಂಡಿರಲಿಲ್ಲ. ಹೋಗುವಾಗ ಅವನ ಮುಖವೂ ಹಗುರಾಗಿತ್ತು.

ಸಂಜೆ ದನ ಮರಳುವ ಹೊತ್ತಿಗೆ ಮರಿಯಮಬೀ ಒಣಮೆಣಸಿನಕಾಯಿ, ಉಪ್ಪು ಮುಷ್ಟಿಯಲ್ಲಿ ಹಿಡಿದು, ದುವಾ ಓದಿ ಊದಿದ ನೀರಿನ ತಂಬಿಗೆ ತೆಗೆದುಕೊಂಡು ಹೀರಾಬಾಯಿಯ ಕೊಟ್ಟಿಗೆಗೆ ಬಂದಳು. ಹೀರಾಬಾಯಿ ಹಾಲು ಕರೆಯಲು ಕೂತಿದ್ದಳು, ಆದರೆ ಕೈ ಕೆಚ್ಚಲಿಗೆ ಹೋಗಿರಲಿಲ್ಲ. ಕರೆಯಲು ಅಂಜಿಕೆಯಾಗುತ್ತಿದೆಯೆಂದು ಅವಳು ಹೇಳಲಿಲ್ಲ, ಮರಿಯಮಬೀ ಕೇಳಲೂ ಇಲ್ಲ. ಮೂರೂ ಎಮ್ಮೆಗಳ ಮುಖದಿಂದ ಬಾಲದವರೆಗೆ ಮುಷ್ಟಿ ಇಳಿಸಿ, ನೀರು ಚಿಮುಕಿಸಿ, ಒಂದೊಂದರ ಬೆನ್ನ ಮೇಲೂ ಕೈಯಿಟ್ಟು, ತನಗೆ ಗೊತ್ತಿದ್ದ ದುವಾಗಳನ್ನೆಲ್ಲ ಹೇಳಿ ಮುಗಿಸಿದಳು. ಆಮೇಲೆ ಹೀರಾಬಾಯಿ ಕೆಚ್ಚಲಿಗೆ ಕೈ ಹಾಕಿದಳು. ಮೊದಲ ಧಾರೆ ಪಾತ್ರೆಯ ತಳಕ್ಕೆ ಬಡಿಯಿತು. ಹಾಲು ಏರುತ್ತ ಹೋಗಿ ಯಾವತ್ತಿನ ಗೆರೆಗೆ ಬಂದು ನಿಂತಿತು. ಹೀರಾಬಾಯಿ ಅಂದು ಪಾತ್ರೆಯೊಳಗೆ ಇಣುಕಿ ನೋಡಿದಳು, ನೋಡಿ ದೊಡ್ಡದೊಂದು ಉಸಿರು ಬಿಟ್ಟಳು.

ಮರಿಯಮಬೀ ಅವಳ ಎದುರು ಕೂತು, ಎಮ್ಮೆಯ ಕಾಲ ಬುಡದಲ್ಲಿಯೇ, ನಾಲ್ಕು ವರ್ಷದಿಂದ ಎದೆಯಲ್ಲಿಟ್ಟುಕೊಂಡದ್ದನ್ನು ಹೇಳಿದಳು.

"ಅಕ್ಕಾ, ಅವತ್ತು ನೀ ನನ್ನ ಜೀವ ಉಳಿಸ್ದಿ. ಯಾಕ ಉಳಿಸ್ದಿ, ಒಬ್ಬಾಕಿ ಇದ್ದು ಏನ ಮಾಡ್ಲಿ ಅಂತ ಮನಸಿನಾಗ ನಿನಗ ಬೈದೇನಿ. ಇವತ್ತ ಬೈಯಲ್ಲ. ನಾ ಉಳಿದದ್ದು ಚಲೋ ಆಯ್ತು ಅನ್ನಿಸ್ತದ."

ಹೀರಾಬಾಯಿಗೆ ಇಂಥ ಮಾತು ಕೇಳಿ ರೂಢಿಯಿರಲಿಲ್ಲ. ಕಣ್ಣು ತುಂಬಿದ್ದನ್ನು ತೋಳಿಗೆ ಒರೆಸಿಕೊಂಡು, "ನಿನ್ನ ಎಮ್ಮಿಗೆ ದೃಷ್ಟಿ ತಗದು ಬಂದಿಯೇನು?" ಎಂದು ಕೇಳಿದಳು. ಏಳು ಸೇರು ಎಂದು ಊರ ಮುಂದೆ ಹೇಳಿದ್ದು ಮರಿಯಮಬೀಗೆ ಆಗ ನೆನಪಾಯಿತು. ತನ್ನ ಎಮ್ಮೆಗಳನ್ನು ಅವಳು ಮರೆತೇ ಬಿಟ್ಟಿದ್ದಳು. ಹೀರಾಬಾಯಿ ಹಾಲಿನ ಪಾತ್ರೆಯನ್ನು ಮುಚ್ಚದೆ ಹಾಗೇ ಕಟ್ಟೆಯ ಮೇಲಿಟ್ಟು, ಒಳಗಿನಿಂದ ಹೊಸ ಮೆಣಸಿನಕಾಯಿ ತಂದು, "ನಡಿ, ನಿನ್ನವಕ್ಕ ನಾ ತಗೀತೇನಿ," ಎಂದು ಅವಳ ರಟ್ಟೆ ಹಿಡಿದು ಎಬ್ಬಿಸಿದಳು.